ಡಾಕ್ಟರ್ ರಾವ್ ಹೊರಟುಹೋದ ಮೇಲೆ

ನಮ್ಮ ಬಳಗದಲ್ಲಿ ವರ್ಷಕ್ಕೆ ಎರಡು ಬಾರಿ ಚಲನಚಿತ್ರ ಪ್ರದರ್ಶನ ಏರ್ಪಡುವುದುಂಟು. ಯಾವ ಚಿತ್ರವನ್ನು ತೋರಿಸಬೇಕೆಂಬ ಚರ್ಚೆ ಎಷ್ಟೇ ಬೆಳೆದರೂ ಕೊನೆಗೆ ಆಯ್ಕೆಯಾಗುವುದು ಬಹುಮಟ್ಟಿಗೆ ಒಂದೇ ಬಗೆಯದು. ಹತ್ತು ಹನ್ನೆರಡು ಮಂದಿ ಸಾಮಾನ್ಯರು, ಅವರಲ್ಲಿ ಒಬ್ಬರಿಗೊಬ್ಬರು ಮುಖ ಕೊಟ್ಟು ಮಾತನಾಡದವರು, ಅವರೆಲ್ಲರ ಮೇಲೆ ಬಂದೆರಗುವ ಒಂದು ಸಂಕಟ, ಅವರನ್ನು ಕಲೆಹಾಕುವ ಒಬ್ಬ ಛಲಗಾರ. ಮೊದಲು ಜಗಳ, ನಡುವೆ ಹಾಡು, ಕೊನೆಗೆ ಗೆಲುವು. ದೀಪ ಹೊತ್ತಿದಾಗ ಕೆಲವರ ಕಣ್ಣು ತೇವಗೊಂಡಿರುತ್ತದೆ. ಚಹಾ, ಅವಲಕ್ಕಿ ಆಗುವ ಹೊತ್ತಿಗೆ ಯಾರಾದರೊಬ್ಬರು, "ಒಗ್ಗಟ್ಟಿದ್ದರೆ ಏನು ತಾನೇ ಆಗದು!" ಎನ್ನುತ್ತಾರೆ. ಅಷ್ಟರಲ್ಲಿ ಲೋಕಲ್ ರೈಲಿನ ಹೊತ್ತಾಗಿರುತ್ತದೆ. ಎಲ್ಲರೂ ಒಬ್ಬೊಬ್ಬರಾಗಿ ಚದುರಿಹೋಗುತ್ತಾರೆ.

ಇದನ್ನು ಹಗುರವಾಗಿ ಹೇಳುತ್ತಿಲ್ಲ. ಊರಿನಲ್ಲಿ ಜಾತ್ರೆ, ನೆರೆಹೊರೆ, ನಂಟರಿಷ್ಟರ ನಡುವೆ ಬದುಕುವವರಿಗೆ ಗುಂಪು ತಾನಾಗಿಯೇ ಒದಗಿಬರುತ್ತದೆ. ಕೆಲವೊಮ್ಮೆ ಬೇಡವೆಂದರೂ ಬಿಡುವುದಿಲ್ಲ. ಪರಊರಿನಲ್ಲಿ ಹಾಗಲ್ಲ. ಇಲ್ಲಿ ಗುಂಪನ್ನು ಕಟ್ಟಬೇಕು, ಅದಕ್ಕೊಂದು ನೋಂದಣಿ ಸಂಖ್ಯೆ, ರಸೀದಿ ಪುಸ್ತಕ, ಬಾಡಿಗೆಯ ಕೋಣೆ ಬೇಕು, ತಿಂಗಳಿಗೊಮ್ಮೆ ಎರಡು ರೈಲು ಬದಲಿಸಿ ಅಲ್ಲಿಗೆ ಬರುವ ಮನಸ್ಸು ಬೇಕು. ಹಾಗೆ ಕಟ್ಟಿಕೊಂಡವರಿಗೆ, ಚದುರಿದ ಜನ ಒಂದಾಗಿ ಗೆಲ್ಲುವುದನ್ನು ತೆರೆಯ ಮೇಲೆ ನೋಡುವ ಹಸಿವು ಸಹಜ. ಕತ್ತಲಲ್ಲಿ ನೂರು ಮಂದಿ ಒಂದೇ ಕ್ಷಣಕ್ಕೆ ಚಪ್ಪಾಳೆ ತಟ್ಟುವಾಗ, ನಮ್ಮ ಪಾಲಿಗೆ ಅದೇ ಒಂದು ಸಣ್ಣ ಊರು.

ನಮ್ಮ ತಕರಾರು ಇರುವುದು ಬೇರೆ ಕಡೆ. ಇಂತಹ ಚಿತ್ರಗಳಲ್ಲಿ ಹೆಚ್ಚಿನವು ಗುಂಪಿನ ಕಥೆಯೆಂದು ಹೇಳಿಕೊಂಡು ನಾಯಕನ ಕಥೆಯನ್ನೇ ಹೇಳುತ್ತವೆ. ಗುಂಪಿಗೆ ಬಲ ಬಂದಿತೋ ಇಲ್ಲವೋ ಎಂಬುದನ್ನು ಗೆಲುವಿನ ದಿನ ಅಳೆಯಲಾಗದು. ನಾಯಕ ಊರು ಬಿಟ್ಟ ಮರುದಿನ ಅಳೆಯಬೇಕು. ಆ ಮರುದಿನವನ್ನು ತೋರಿಸುವ ಧೈರ್ಯವುಳ್ಳ ಚಿತ್ರಗಳು ಬೆರಳೆಣಿಕೆಯವು. ಅವುಗಳಲ್ಲಿ ಒಂದನ್ನು, ಅದರಲ್ಲೂ ಕನ್ನಡದ ಇಬ್ಬರು ಹಿರಿಯ ನಟರಿರುವ ಚಿತ್ರವನ್ನು, ನಮ್ಮ ಬಳಗ ಈವರೆಗೆ ತೋರಿಸಿಲ್ಲ. ಅದರ ಹೆಸರು ಹೇಳುವ ಮುನ್ನ, ನಾವು ಮತ್ತೆ ಮತ್ತೆ ತೋರಿಸುತ್ತ ಬಂದಿರುವ ಬಗೆಯ ಕುರಿತು ಎರಡು ಮಾತು.

ಈ ಜಾಡಿನ ಹಿರಿಯಣ್ಣ ಅಕಿರಾ ಕುರೊಸಾವಾ ಅವರ 'ಸೆವೆನ್ ಸಮುರಾಯ್'. 1954ರ ಜಪಾನೀ ಚಿತ್ರ. ದರೋಡೆಕೋರರ ಕಾಟಕ್ಕೆ ಸಿಕ್ಕ ರೈತರು ಅನ್ನವನ್ನಷ್ಟೇ ಕೂಲಿಯಾಗಿ ಕೊಡಬಲ್ಲೆವೆಂದು ಹೇಳಿ ಏಳು ಮಂದಿ ಯೋಧರನ್ನು ಊರಿಗೆ ಕರೆತರುತ್ತಾರೆ. ಒಬ್ಬೊಬ್ಬನನ್ನೇ ಹುಡುಕಿ ತಂಡ ಕಟ್ಟುವ ಅದರ ಮೊದಲ ಭಾಗವನ್ನು ಆಮೇಲಿನವರು ಎಷ್ಟು ಭಾಷೆಗಳಲ್ಲಿ, ಎಷ್ಟು ವೇಷಗಳಲ್ಲಿ ಬಳಸಿಕೊಂಡರೆಂಬುದಕ್ಕೆ ಲೆಕ್ಕವಿಲ್ಲ. ಆದರೆ ಬಳಸಿಕೊಂಡವರಲ್ಲಿ ಬಹುಮಂದಿ ಕೊನೆಯ ದೃಶ್ಯವನ್ನು ಕೈಬಿಟ್ಟರು. ಕಾಳಗ ಗೆದ್ದಾಗಿದೆ. ಏಳರಲ್ಲಿ ನಾಲ್ವರು ಮಣ್ಣಾಗಿದ್ದಾರೆ. ಉಳಿದ ಮೂವರು ಆ ಸಮಾಧಿಗಳ ಎದುರು ನಿಂತಿದ್ದರೆ ಅತ್ತ ರೈತರು ಹಾಡುತ್ತ, ತಾಳಕ್ಕೆ ಹೆಜ್ಜೆ ಹಾಕುತ್ತ ನಾಟಿ ಮಾಡುತ್ತಿದ್ದಾರೆ. ಗೆಲುವು ಆ ರೈತರದು, ನಮ್ಮದಲ್ಲ ಎಂಬ ಅರ್ಥದ ಮಾತನ್ನು ಹಿರಿಯ ಯೋಧ ಆಡುತ್ತಾನೆ. ಊರಿಗೆ ಅವರ ಕೆಲಸ ಮುಗಿದಿದೆ. ಕಣ್ಣೀರಿನ ಬೀಳ್ಕೊಡುಗೆ ಇಲ್ಲ. ಮೊದಲ ಸಲ ನೋಡಿದಾಗ ಇದು ಕೃತಘ್ನತೆಯೆಂದು ನಮಗೆ ತೋರಿತ್ತು. ಈಗ ಹಾಗೆ ತೋರುವುದಿಲ್ಲ. ನಾಟಿಗೆ ಹದವಾದ ನೀರು ಯೋಧರಿಗಾಗಿ ಕಾಯುವುದಿಲ್ಲ.

ನಮ್ಮ ಸಭಾಂಗಣದಲ್ಲಿ ಮೂರು ಬಾರಿಯಾದರೂ ಪ್ರದರ್ಶನಗೊಂಡಿರುವ 'ಲಗಾನ್' ಚಿತ್ರವನ್ನು ಇದರ ಪಕ್ಕದಲ್ಲಿಟ್ಟು ನೋಡಬಹುದು. ಆಶುತೋಷ್ ಗೋವಾರೀಕರ್ ಅವರ 2001ರ ಈ ಚಿತ್ರದ ಮೇಲೆ ನಮಗೆ ಪ್ರೀತಿ ಇಲ್ಲದಿಲ್ಲ. 1893ರ ಚಂಪಾನೇರದ ಬಡವರು ಮೂರು ವರ್ಷಗಳ ಕಂದಾಯ ಮಾಫಿಗಾಗಿ ಬಿಳಿಯರೊಡನೆ ಕ್ರಿಕೆಟ್ ಆಡುವುದನ್ನು ಎಷ್ಟನೆಯ ಸಲ ನೋಡಿದರೂ ಕೊನೆಯ ಚೆಂಡಿಗೆ ಉಸಿರು ಬಿಗಿಹಿಡಿಯುತ್ತೇವೆ. ಆದರೆ ಕಚ್ರಾನ ಪ್ರಸಂಗ ನೋಡಿ. ಅಸ್ಪೃಶ್ಯನನ್ನು ತಂಡಕ್ಕೆ ಸೇರಿಸಿಕೊಳ್ಳಲು ಊರು ಒಪ್ಪುವುದಿಲ್ಲ, ಭುವನ್ ಒಂದು ಭಾಷಣ ಮಾಡುತ್ತಾನೆ, ಊರು ತಲೆತಗ್ಗಿಸುತ್ತದೆ, ಕಚ್ರಾ ಆಟಗಾರನಾಗುತ್ತಾನೆ. ಶತಮಾನಗಳ ಗಂಟು ಕೆಲವೇ ನಿಮಿಷಗಳಲ್ಲಿ ಬಿಚ್ಚಿಕೊಂಡಿತು. ಊನಗೊಂಡ ಅವನ ಕೈಯಿಂದ ಚೆಂಡು ಹಾಗೆ ತಿರುಗದೇ ಹೋಗಿದ್ದರೆ ಭುವನ್ ಅವನನ್ನು ಕರೆಯುತ್ತಿದ್ದನೇ? ಪಂದ್ಯ ಮುಗಿದು ಮಳೆಯೂ ಸುರಿದ ಮರುದಿನ ಕಚ್ರಾ ಯಾವ ಬಾವಿಯಲ್ಲಿ ನೀರು ಸೇದಿದ? ಚಿತ್ರ ಆ ಬಾವಿಯ ಹತ್ತಿರ ಸುಳಿಯುವುದಿಲ್ಲ.

ಶ್ಯಾಮ್ ಬೆನೆಗಲ್ ಅವರ 'ಮಂಥನ್' ನೇರವಾಗಿ ಆ ಬಾವಿಯ ಬಳಿಗೇ ಹೋಗುತ್ತದೆ. ನಾವು ತೋರಿಸದೆ ಉಳಿದ ಚಿತ್ರ ಇದೇ. 1976ರದು. ಗುಜರಾತಿನ ಒಂದು ಬಡ ಹಳ್ಳಿಗೆ ಹಾಲು ಉತ್ಪಾದಕರ ಸಹಕಾರ ಸಂಘ ಕಟ್ಟಲೆಂದು ಪಶುವೈದ್ಯ ಡಾಕ್ಟರ್ ರಾವ್ ರೈಲಿನಿಂದ ಇಳಿಯುತ್ತಾನೆ. ರಾವ್ ಆಗಿ ನಟಿಸಿದವರು ಗಿರೀಶ ಕಾರ್ನಾಡರು. ಅವನ ತಂಡದ ಚಂದಾವರ್ಕರನಾಗಿ ಅನಂತನಾಗ್. ಬಿಂದುವಾಗಿ ಸ್ಮಿತಾ ಪಾಟೀಲ್, ಊರಿನ ದಲಿತ ಯುವಕ ಭೋಲಾ ಆಗಿ ನಸೀರುದ್ದೀನ್ ಷಾ. ಸರಪಂಚನ ಪಾತ್ರ ಕುಲಭೂಷಣ್ ಖರಬಂದಾ ಅವರದು, ಖಾಸಗಿ ಡೈರಿಯ ಮಾಲೀಕ ಮಿಶ್ರಾನದು ಅಮರೀಶ್ ಪುರಿಯವರದು. ಚಿತ್ರಕಥೆ ವಿಜಯ್ ತೆಂಡೂಲ್ಕರ್, ಸಂಭಾಷಣೆ ಕೈಫಿ ಆಜ್ಮಿ, ಛಾಯಾಗ್ರಹಣ ಗೋವಿಂದ ನಿಹಲಾನಿ. (ಕಾರ್ನಾಡರು ಪುಣೆಯ ಫಿಲಂ ಇನ್‌ಸ್ಟಿಟ್ಯೂಟಿನ ನಿರ್ದೇಶಕರಾಗಿದ್ದಾಗ ನಸೀರುದ್ದೀನ್ ಅಲ್ಲಿಯ ವಿದ್ಯಾರ್ಥಿ, ಇವರಿಬ್ಬರೂ ಎದುರುಬದುರಾಗಿ ನಿಲ್ಲುವ ದೃಶ್ಯಗಳಲ್ಲಿ ಅಧಿಕಾರಕ್ಕೂ ಹಠಕ್ಕೂ ನಡೆಯುವ ಜಗ್ಗಾಟ ಅಷ್ಟು ನೈಜವಾಗಿರುವುದಕ್ಕೆ ಈ ಹಿನ್ನೆಲೆಯೂ ಕಾರಣವಿರಬಹುದೆಂದು ನಮ್ಮಲ್ಲೊಬ್ಬರ ಊಹೆ.)

ಈ ಚಿತ್ರಕ್ಕೆ ಬಂಡವಾಳ ಬಂದ ಬಗೆ ಚಿತ್ರದಷ್ಟೇ ಪ್ರಸಿದ್ಧ. ಗುಜರಾತಿನ 5 ಲಕ್ಷ ಹಾಲು ಉತ್ಪಾದಕರು ತಲಾ 2 ರೂಪಾಯಿ ಕೊಟ್ಟು ಇದರ ನಿರ್ಮಾಪಕರಾದರು. ವರ್ಗೀಸ್ ಕುರಿಯನ್ ಅವರ ಯೋಜನೆ ಅದು. ಬಿಡುಗಡೆಯಾದಾಗ ತಮ್ಮ ಚಿತ್ರವನ್ನು ನೋಡಲು ಆ ರೈತರು ಲಾರಿಗಳಲ್ಲಿ ಪಟ್ಟಣಗಳಿಗೆ ಬಂದರು. ಆಮೇಲೆ ಇದೇ ಚಿತ್ರದ ಪ್ರತಿಗಳನ್ನು ಹಳ್ಳಿಹಳ್ಳಿಗೆ ಒಯ್ದು ತೋರಿಸಿ ಹೊಸ ಸಂಘಗಳನ್ನು ಕಟ್ಟಲಾಯಿತು. ನಮ್ಮ ಖಜಾಂಚಿಯವರಿಗೆ ಈ ಕಥೆ ಹೇಳಿದಾಗ ಅವರು ಕೂಡಲೇ ಲೆಕ್ಕ ಹಾಕಿ, ತಲಾ 2 ರೂಪಾಯಿಯಂತೆ ನಮ್ಮ ಸದಸ್ಯರಿಂದ ಬರುವ ಹಣ ಪ್ರೊಜೆಕ್ಟರಿನ ಬಾಡಿಗೆಗೂ ಸಾಲದೆಂದು ತಿಳಿಸಿದರು. ಸಂಖ್ಯೆಯ ಬಲವೆಂದರೇನು ಎಂಬುದು ಅಷ್ಟರಮಟ್ಟಿಗೆ ನಮಗೆ ಮನದಟ್ಟಾಯಿತು.

ರೈತರ ದುಡ್ಡಿನಲ್ಲಿ ತಯಾರಾದ ಚಿತ್ರವೂ ಹೊರಗಿನಿಂದ ಬಂದ ವಿದ್ಯಾವಂತನನ್ನೇ ನಡುವೆ ನಿಲ್ಲಿಸಿತಲ್ಲ ಎಂಬ ಆಕ್ಷೇಪ ನ್ಯಾಯವಾದದ್ದು. ಏಕೆಂದರೆ ಇತಿಹಾಸ ಹಾಗಿರಲಿಲ್ಲ. 1946ರ ಜನವರಿಯಲ್ಲಿ ಖೇಡಾ ಜಿಲ್ಲೆಯ ಸಮರಖಾ ಗ್ರಾಮದಲ್ಲಿ ಸಭೆ ಸೇರಿದ ರೈತರು, ಮುಂಬಯಿಗೆ ಹಾಲು ಪೂರೈಸುವ ಹಕ್ಕು ಪಡೆದಿದ್ದ ಪೋಲ್ಸನ್ ಡೈರಿಗೆ ಹಾಲು ಕೊಡುವುದಿಲ್ಲವೆಂದು ನಿರ್ಧರಿಸಿದರು. ಹದಿನೈದು ದಿನ ಆ ಜಿಲ್ಲೆಯ ಹಾಲು ಮುಂಬಯಿಗೆ ಬರಲಿಲ್ಲ. ಬಡ ಕುಟುಂಬವೊಂದಕ್ಕೆ ಹದಿನೈದು ದಿನ ಹಾಲು ಮಾರದಿರುವುದೆಂದರೇನೆಂದು ಎಮ್ಮೆ ಕಟ್ಟಿ ಬಲ್ಲವರಿಗೆ ವಿವರಿಸಬೇಕಾಗಿಲ್ಲ. ಅದೇ ವರ್ಷದ ಡಿಸೆಂಬರಿನಲ್ಲಿ ತ್ರಿಭುವನದಾಸ್ ಪಟೇಲರ ಮುಂದಾಳ್ತನದಲ್ಲಿ ಆಣಂದದ ಒಕ್ಕೂಟ ನೋಂದಣಿಯಾಯಿತು. ಕುರಿಯನ್ ಆಣಂದಕ್ಕೆ ಬಂದದ್ದು 1949ರಲ್ಲಿ. ಅಂದರೆ ಗುಂಪು ಮೊದಲು, ಎಂಜಿನಿಯರ್ ಆಮೇಲೆ. ಚಿತ್ರದಲ್ಲಿ ಈ ಕ್ರಮ ತಿರುಗುಮುರುಗಾಗಿದೆ. ಕಥೆ ಹೇಳುವ ಅನುಕೂಲಕ್ಕೆ ಒಬ್ಬ ಆಗಂತುಕ ಬೇಕಾಗುತ್ತಾನೆ. ಅವನ ಕಣ್ಣಿನಿಂದ ಊರನ್ನು ನಾವು ನೋಡುತ್ತೇವೆ. ಆದರೆ ಬೆನೆಗಲ್ ಮತ್ತು ತೆಂಡೂಲ್ಕರ್ ಈ ಅನುಕೂಲದ ಬೆಲೆಯನ್ನು ಅರಿತವರು. ಆಗಂತುಕನನ್ನು ತಂದು ನಿಲ್ಲಿಸಿ, ಅವನ ಕಾಲ ಕೆಳಗಿನ ನೆಲವನ್ನು ಒಂದೊಂದೇ ದೃಶ್ಯದಲ್ಲಿ ಸಡಿಲಿಸುತ್ತಾರೆ.

ರಾವ್ ಒಳ್ಳೆಯವನು. ಹಾಲಿನ ಕೊಬ್ಬಿನಂಶ ನೋಡಿ ಬೆಲೆ ಕೊಡಬೇಕೆನ್ನುತ್ತಾನೆ, ಜಾತಿ ನೋಡದೆ ಎಲ್ಲರೂ ಒಂದೇ ಸಾಲಿನಲ್ಲಿ ನಿಲ್ಲಬೇಕೆನ್ನುತ್ತಾನೆ. ನಾವು ಬಂದಿರುವುದು ಹಾಲಿಗಾಗಿ, ಊರಿನ ಜಾತಿ ರಾಜಕೀಯಕ್ಕೆ ಕೈಹಾಕುವುದು ಬೇಡವೆಂದು ಮೋಹನ್ ಅಗಾಶೆಯವರು ನಟಿಸಿದ ಸಂಗಡಿಗ ದೇಶಮುಖ್ ಎಚ್ಚರಿಸುತ್ತಾನೆ. ರಾವ್ ಕೇಳುವುದಿಲ್ಲ. ಸಂಘದ ಚುನಾವಣೆಯಲ್ಲಿ ಸರಪಂಚನ ಎದುರು ದಲಿತ ಕೇರಿಯ ಮೋತಿ ಗೆಲ್ಲುತ್ತಾನೆ. ಬೇರೆ ಯಾವ ಚಿತ್ರವಾದರೂ ಇಲ್ಲಿಗೆ ಮುಗಿಯುತ್ತಿತ್ತು; ನಗಾರಿ ಬಾರಿಸಿ, ಗುಲಾಲು ಎರಚಿ, ನಮ್ಮನ್ನು ಮನೆಗೆ ಕಳುಹಿಸುತ್ತಿತ್ತು. 'ಮಂಥನ್' ಮುಂದುವರಿಯುತ್ತದೆ. ಕೇರಿಗೆ ಬೆಂಕಿ ಬೀಳುತ್ತದೆ. ಸಾಲದ ನೆಪದಲ್ಲಿ ಮಿಶ್ರಾ ಬಡವರನ್ನು ಮತ್ತೆ ತನ್ನತ್ತ ಎಳೆದುಕೊಳ್ಳುತ್ತಾನೆ. ಗೆದ್ದದ್ದು ಮತದ ಎಣಿಕೆಯಲ್ಲಿ ಮಾತ್ರವೆಂಬುದು ಒಂದೇ ರಾತ್ರಿಯಲ್ಲಿ ಬಯಲಾಗುತ್ತದೆ. ಕಚ್ರಾನ ಬಾವಿಯೆಂದು ನಾವು ಹೇಳಿದ್ದು ಇದನ್ನೇ. ಕೆಳಗಿನವನು ಗೆದ್ದರೆ ಮೇಲಿನವನು ಚಪ್ಪಾಳೆ ತಟ್ಟಿ ಸುಮ್ಮನೆ ಕೂರುವುದಿಲ್ಲ.

ಚಂದಾವರ್ಕರನ ಪ್ರಸಂಗವೂ ಹೀಗೆಯೇ. ಕೇರಿಯ ಹುಡುಗಿಯೊಬ್ಬಳನ್ನು ಅವನು ಒಲಿಸಿಕೊಳ್ಳುತ್ತಾನೆ. ಸಂಗತಿ ತಿಳಿದಾಗ ರಾವ್ ಅವನನ್ನು ಊರಿನಿಂದ ಕಳುಹಿಸಿಬಿಡುತ್ತಾನೆ. ಭೋಲಾ ಹೊರಗಿನವರನ್ನು ಕಂಡರೆ ಕೆಂಡವಾಗುವುದಕ್ಕೆ ಕಾರಣ ಅವನ ಹುಟ್ಟಿನಲ್ಲೇ ಇದೆ: ಅವನ ತಾಯಿಯನ್ನು ಪಟ್ಟಣದಿಂದ ಬಂದ ಕಂತ್ರಾಟುದಾರನೊಬ್ಬ ಕೈಬಿಟ್ಟು ಹೋಗಿದ್ದ. ಚಂದಾವರ್ಕರ್ ಅದೇ ಕಥೆಯನ್ನು ಇನ್ನೊಮ್ಮೆ ಬರೆಯಹೊರಟಿದ್ದ. ಉದ್ಧಾರಕರ ತಂಡದೊಳಗೇ ಊರಿನ ಹಳೆಯ ಗಾಯ ಮರುಕಳಿಸುತ್ತದೆ ಎಂಬುದನ್ನು ಇಷ್ಟು ಕಡಿಮೆ ಮಾತಿನಲ್ಲಿ ಹೇಳಿದ ಇನ್ನೊಂದು ಚಿತ್ರ ನಮಗೆ ನೆನಪಾಗುತ್ತಿಲ್ಲ. ಅನಂತನಾಗ್ ಅವರ ಮಂದಹಾಸ ಇಲ್ಲಿ ಅಪಾಯಕಾರಿಯಾಗಿ ಕೆಲಸ ಮಾಡುತ್ತದೆ. ಆ ಹುಡುಗಿ ಅವನನ್ನು ನಂಬಿದಳೆಂದರೆ ನಾವೂ ನಂಬಿದ್ದೆವು.

ನಮ್ಮನ್ನು ಹೆಚ್ಚು ಕಾಡುವವಳು ಬಿಂದು. ಊರಿನಲ್ಲಿ ರಾವ್‌ನ ಕೆಲಸದ ಮೇಲೆ ನಂಬಿಕೆ ತಳೆದು ಇತರ ಹೆಂಗಸರನ್ನು ಸಂಘದತ್ತ ಕರೆತರುವವಳು ಅವಳು. ಹೊರಟುಹೋಗಿದ್ದ ಗಂಡ ಮರಳಿ ಬರುತ್ತಾನೆ. ಅವಳ ಎಮ್ಮೆ ವಿಷಪ್ರಾಶನದಿಂದ ಸಾಯುತ್ತದೆ. ಜೀವನಾಧಾರ ಹೋದ ಮೇಲೆ ಮಿಶ್ರಾನ ಕಾಗದಕ್ಕೆ ಹೆಬ್ಬೆಟ್ಟು ಒತ್ತುವುದನ್ನು ಬಿಟ್ಟು ಅವಳಿಗೆ ದಾರಿ ಉಳಿಯುವುದಿಲ್ಲ. ಆ ಕಾಗದದಲ್ಲಿರುವುದು ರಾವ್ ಮೇಲೆ ಅತ್ಯಾಚಾರದ ಸುಳ್ಳು ದೂರು. ಗುಂಪು ಬಲಗೊಂಡಿತೆಂದು ಹೇಳುವಾಗ ನಾವು ಯಾರನ್ನು ಎಣಿಸುತ್ತಿದ್ದೇವೆ? ಬಿಂದು ಆ ಎಣಿಕೆಯಲ್ಲಿ ಇದ್ದಾಳೆಯೇ? ಚಿತ್ರ ಅವಳನ್ನು ದೂಷಿಸುವುದಿಲ್ಲ, ಸಮಾಧಾನದ ದೃಶ್ಯವೊಂದನ್ನು ಹೊಂದಿಸಿ ಅವಳ ಕಣ್ಣೊರೆಸುವುದೂ ಇಲ್ಲ. ಸ್ಮಿತಾ ಪಾಟೀಲರ ಮುಖದ ಮೇಲೆ ಕ್ಯಾಮೆರಾ ನಿಲ್ಲುತ್ತದೆ, ಅಷ್ಟೆ.

ಸರಪಂಚನ ಕೈವಾಡದಿಂದ ರಾವ್‌ಗೆ ವರ್ಗಾವಣೆಯಾಗುತ್ತದೆ. ಅವನು ಸೋತ ಮುಖದಲ್ಲಿ ರೈಲು ಹತ್ತುತ್ತಾನೆ. ಭೋಲಾ ನಿಲ್ದಾಣಕ್ಕೆ ಓಡಿಬರುವಷ್ಟರಲ್ಲಿ ರೈಲು ಹೊರಟಿದೆ. ಮೊದಲ ಸಲ ನೋಡಿದಾಗ, ಅವನು ರಾವ್‌ನನ್ನು ತಡೆದು ನಿಲ್ಲಿಸುತ್ತಾನೆಂದೇ ನಾವು ಕಾದಿದ್ದೆವು. ಹಾಗಾಗುವುದಿಲ್ಲ. ಅವನು ಊರಿಗೆ ಮರಳುತ್ತಾನೆ; ಇದು ನಮ್ಮ ಸಂಘ, ನಾವೇ ನಡೆಸಬೇಕು ಎನ್ನುತ್ತಾನೆ. ಕೆಲವರು ಪಾತ್ರೆಗಳಲ್ಲಿ ಹಾಲು ತಂದು ನಿಲ್ಲುತ್ತಾರೆ. ದೊಡ್ಡ ಸಾಲೇನಲ್ಲ. ಬಿದಿರಿನಂತೆ ಬಳುಕುವ ಅಂಜಿಕೆಯ ಸಾಲು. ಗೆದ್ದರೋ ಸೋತರೋ ಎಂದು ಯಾರಾದರೂ ಕೇಳಿದರೆ ಉತ್ತರ ಹೇಳುವುದು ಕಷ್ಟ. ಮರುದಿನ ಬೆಳಿಗ್ಗೆಯೂ ಹಾಲು ಬಂದಿತೇ ಎಂದು ಕೇಳುವುದು ಮೇಲು. ಕರ್ನಾಟಕದ ಹಳ್ಳಿಗಳಿಂದ ಬಂದ ನಮ್ಮ ಸದಸ್ಯರಿಗೆ ಈ ಸಾಲು ಹೊಸದಲ್ಲ. ಆಣಂದದ ಮಾದರಿಯೇ ಎಪ್ಪತ್ತರ ದಶಕದಲ್ಲಿ ನಮ್ಮ ರಾಜ್ಯಕ್ಕೂ ಬಂದು, ಬೆಳಗಿನ ಜಾವ ಕ್ಯಾನು ಹಿಡಿದು ಡೈರಿಗೆ ಹಾಲು ಹಾಕಲು ನಿಲ್ಲುವ ಪರಿಪಾಠವಾಯಿತು. ಆ ಸಾಲಿನಲ್ಲಿ ಯಾರು ಯಾರ ಹಿಂದೆ ನಿಲ್ಲುತ್ತಿದ್ದರು, ಯಾರ ಪಾತ್ರೆಯಿಂದ ಯಾರು ಸರಿದು ನಿಲ್ಲುತ್ತಿದ್ದರು ಎಂಬುದನ್ನು ನೆನಪಿಸಿಕೊಂಡು ಹೇಳಬಲ್ಲವರು ಈಗಲೂ ನಮ್ಮಲ್ಲಿದ್ದಾರೆ.

ಈ ಚಿತ್ರದ ಪುನರುಜ್ಜೀವಿತ ಪ್ರತಿ 2024ರ ಮೇ ತಿಂಗಳಲ್ಲಿ ಕಾನ್ ಚಿತ್ರೋತ್ಸವದಲ್ಲಿ ಪ್ರದರ್ಶನಗೊಂಡು ಜೂನ್ ಆರಂಭದಲ್ಲಿ ನಮ್ಮ ಚಿತ್ರಮಂದಿರಗಳಿಗೂ ಬಂದಿತ್ತು. ನಮ್ಮಲ್ಲಿ ನಾಲ್ವರು ಹೋಗಿದ್ದೆವು. ಅದೇ ವರ್ಷದ ಡಿಸೆಂಬರಿನಲ್ಲಿ ಬೆನೆಗಲ್ ತೀರಿಕೊಂಡರು.

'ಚಕ್ ದೇ! ಇಂಡಿಯಾ' ಬಗ್ಗೆ ಹೆಚ್ಚು ಬರೆಯುವ ಇರಾದೆಯಿಲ್ಲ, ಆದರೆ ಹೊರನಾಡಿನವರಾಗಿ ಒಂದು ಸಂಗತಿ ಹೇಳದಿರಲಾಗದು. 2007ರ ಈ ಚಿತ್ರದಲ್ಲಿ ತರಬೇತುದಾರ ಕಬೀರ್ ಖಾನ್ ಹಾಕಿ ಹುಡುಗಿಯರನ್ನು ಸಾಲಾಗಿ ನಿಲ್ಲಿಸಿ ಪರಿಚಯ ಹೇಳಿಸುತ್ತಾನೆ. ತನ್ನ ರಾಜ್ಯದ ಹೆಸರು ಹೇಳಿದವಳು ಸಾಲಿನಿಂದ ಹೊರಗೆ. ದೇಶದ ಹೆಸರು ಹೇಳಿದವಳಿಗೆ ಮೆಚ್ಚುಗೆ. ಸಭಾಂಗಣ ಈ ದೃಶ್ಯಕ್ಕೆ ಚಪ್ಪಾಳೆ ತಟ್ಟಿತು, ನಾವೂ ತಟ್ಟಿದೆವು. ಆಮೇಲೆ ಯೋಚಿಸಿದರೆ, ತೆಲುಗಿಗೂ ತಮಿಳಿಗೂ ಭೇದ ತಿಳಿಯದವರನ್ನೂ, ಮಿಜೋರಂ ಮಣಿಪುರದ ಹುಡುಗಿಯರನ್ನು ಪರದೇಶದವರಂತೆ ಕಾಣುವವರನ್ನೂ ಅದೇ ಚಿತ್ರ ಚೆನ್ನಾಗಿ ಗೇಲಿ ಮಾಡುತ್ತದೆ. ಹಾಗಿರುವಾಗ ಒಗ್ಗಟ್ಟಿಗೆ ತೆರಬೇಕಾದ ಸುಂಕವಾಗಿ ಅವರ ಊರಿನ ಹೆಸರನ್ನೇ ಕೇಳುವುದು ಏಕೆ? ಝಾರ್ಖಂಡಿನ ಹುಡುಗಿ ಝಾರ್ಖಂಡಿನವಳೆಂದು ಹೇಳಿಕೊಂಡೇ ಗೋಲು ಹೊಡೆಯಬಾರದೇ? ಮೂವತ್ತು ವರ್ಷ ಮರಾಠಿ ನೆರೆಹೊರೆಯವರೊಡನೆ ಒಂದೇ ಚಾಳಿನಲ್ಲಿ, ಒಂದೇ ನಲ್ಲಿಯ ಮುಂದೆ ಬಾಳಿದ ನಮ್ಮ ಹಿರಿಯರು ಒಗ್ಗಟ್ಟಿಗಾಗಿ ಕನ್ನಡವನ್ನು ಹೊಸ್ತಿಲಾಚೆ ಬಿಟ್ಟು ಬಂದವರಲ್ಲ.

ಆ ಕಾರಣಕ್ಕೇ ಇರಬೇಕು, ರಿಷಬ್ ಶೆಟ್ಟಿಯವರ 'ಸರ್ಕಾರಿ ಹಿ. ಪ್ರಾ. ಶಾಲೆ ಕಾಸರಗೋಡು, ಕೊಡುಗೆ: ರಾಮಣ್ಣ ರೈ' 2018ರಲ್ಲಿ ಬಂದಾಗ ಹೊರನಾಡಿನ ಬಳಗಗಳು ಅದನ್ನು ತಮ್ಮದೇ ಚಿತ್ರವೆಂಬಂತೆ ಬರಮಾಡಿಕೊಂಡವು. ಮಕ್ಕಳ ಚಿತ್ರವೆಂದು ರಾಷ್ಟ್ರಪ್ರಶಸ್ತಿಯೂ ಅದಕ್ಕೆ ಬಂತು. ಕೇರಳದ ಗಡಿಯೊಳಗಿನ ಒಂದು ಕನ್ನಡ ಶಾಲೆ, ಅದನ್ನು ಮುಚ್ಚಿಸಲು ಹೊರಟ ಅಧಿಕಾರಿ, ಮುಚ್ಚಬಾರದೆಂದು ಹಠ ಹಿಡಿದ ಮಕ್ಕಳು. ಶೀರ್ಷಿಕೆಯ ಬಾಲವೇ ನಮಗೆ ಮೊದಲು ಹಿಡಿಸಿದ್ದು. ಊರ ಶಾಲೆಯ ಗೋಡೆ ಗಡಿಯಾರದ ಮೇಲೆ, ಕಬ್ಬಿಣದ ಬೀರುವಿನ ಮೇಲೆ ದಾನಿಯ ಹೆಸರನ್ನು ಬಣ್ಣದಲ್ಲಿ ಬರೆಸಿರುವುದನ್ನು ನೋಡುತ್ತ ಬೆಳೆದವರು ನಾವು. ಒಂದು ಶಾಲೆ ಎಂದರೆ ಸರಕಾರದ ಆದೇಶದಷ್ಟೇ ಹತ್ತಾರು ಜನರ ಸಣ್ಣಸಣ್ಣ ಕೊಡುಗೆಯೂ ಹೌದೆಂಬುದು ಆ ಎರಡು ಪದಗಳಲ್ಲಿದೆ.

ಕಾಸರಗೋಡು 1956ರಲ್ಲಿ ಕೇರಳಕ್ಕೆ ಸೇರಿದ್ದು, ಚಂದ್ರಗಿರಿ ನದಿಯ ಉತ್ತರದ ಭಾಗ ಮೈಸೂರು ರಾಜ್ಯಕ್ಕೆ ಸೇರಬೇಕೆಂದು ಮಹಾಜನ ಆಯೋಗ 1967ರಲ್ಲಿ ಶಿಫಾರಸು ಮಾಡಿದ್ದು, ಅದು ಹಾಗೆಯೇ ಉಳಿದದ್ದು, ಇವೆಲ್ಲ ನಮ್ಮ ಓದುಗರಿಗೆ ತಿಳಿದ ವಿಷಯ. ಚಿತ್ರ ಆ ನೋವನ್ನು ನಗುವಿನಲ್ಲಿ ಸುತ್ತಿ ಕೊಟ್ಟಿದೆ. ಮಮ್ಮೂಟ್ಟಿ ಎಂಬ ಹೆಸರಿನ ಹುಡುಗ ಕನ್ನಡ ಶಾಲೆಯ ಪಟ್ಟಿಯಲ್ಲಿರುವುದು, ಮನೆಯಲ್ಲೊಂದು ಬೀದಿಯಲ್ಲೊಂದು ಭಾಷೆಯಾಡುವ ಆ ಮಕ್ಕಳಿಗೆ ಅದರಲ್ಲಿ ಯಾವ ವಿಚಿತ್ರವೂ ಕಾಣದಿರುವುದು ನಮಗೆ ಬಲು ಇಷ್ಟವಾಯಿತು. ಮಲೆಯಾಳಿಗಳನ್ನೆಲ್ಲ ಖಳರನ್ನಾಗಿ ಮಾಡುವ ಸುಲಭದ ದಾರಿ ಎದುರಿಗಿದ್ದರೂ ಮಕ್ಕಳ ಗುಂಪು ಅದನ್ನು ತುಳಿಯಲಿಲ್ಲ.

ಆದರೆ ಉತ್ತರಾರ್ಧದಲ್ಲಿ ಆಗುವುದೇನು? ಮಕ್ಕಳು ಮೈಸೂರಿನಿಂದ ಅನಂತಪದ್ಮನಾಭ ಎಂಬ ಹಿರಿಯರನ್ನು ಕರೆತರುತ್ತಾರೆ. ಆ ಪಾತ್ರದಲ್ಲಿ ಅನಂತನಾಗ್. 'ಮಂಥನ್' ಚಿತ್ರದಲ್ಲಿ ಊರಿನಿಂದ ಹೊರಕಳುಹಿಸಲ್ಪಟ್ಟವರು 42 ವರ್ಷಗಳ ಬಳಿಕ ಇನ್ನೊಂದು ಊರಿಗೆ ರಕ್ಷಕರಾಗಿ ಬಂದರು. ನ್ಯಾಯಾಲಯದಲ್ಲಿ ಅವರು ವಾದ ಮಂಡಿಸುತ್ತಾರೆ. ಎಂತಹ ಮಾತುಗಾರಿಕೆ! ನಮ್ಮ ಸಭಾಂಗಣದಲ್ಲಿ ಆ ವಾದದುದ್ದಕ್ಕೂ ಶಿಳ್ಳೆ, ಚಪ್ಪಾಳೆ. ಅದರ ನಡುವೆ ಮಕ್ಕಳು ಮೆಲ್ಲನೆ ಹಿನ್ನೆಲೆಗೆ ಸರಿದರು. ಊರಿನವರು ಪ್ರೇಕ್ಷಕರಾದರು. ನಾವೂ ಪ್ರೇಕ್ಷಕರೇ ಆದ್ದರಿಂದ ನಮಗದು ಗೊತ್ತಾಗಲಿಲ್ಲ. ಅನಂತಪದ್ಮನಾಭರು ಮೈಸೂರಿನ ಬಸ್ಸು ಹತ್ತಿದ ಮೇಲೆ ಆ ಶಾಲೆಗೆ ಮುಂದಿನ ಜೂನಿನಲ್ಲಿ ಎಷ್ಟು ಮಕ್ಕಳು ಸೇರಿದರು, ಯಾವ ತಾಯ್ತಂದೆ ತಮ್ಮ ಮಗುವನ್ನು ಆಂಗ್ಲ ಮಾಧ್ಯಮದ ವ್ಯಾನಿನಿಂದ ಇಳಿಸಿ ಇತ್ತ ನಡೆಸಿಕೊಂಡು ಬಂದರು ಎಂಬುದು ನ್ಯಾಯಾಧೀಶರ ಕೈಯಲ್ಲಿರುವ ವಿಷಯವಲ್ಲ. ಅಂದು ಚಪ್ಪಾಳೆ ತಟ್ಟಿದ ನಮ್ಮ ಪೈಕಿ ಮಕ್ಕಳನ್ನಾಗಲಿ ಮೊಮ್ಮಕ್ಕಳನ್ನಾಗಲಿ ಮುಂಬಯಿ ಪಾಲಿಕೆಯ ಕನ್ನಡ ಶಾಲೆಗೆ ಕಳುಹಿಸಿದವರು ಯಾರೂ ಇರಲಿಲ್ಲ. ಅಲ್ಲಿ ಓದಿ ಬೆಳೆದ ಹಿರಿಯರು ಮಾತ್ರ ಇಬ್ಬರಿದ್ದರು. ಇದನ್ನು ಬರೆಯುವಾಗ ನಮ್ಮನ್ನು ಹೊರಗಿಟ್ಟುಕೊಂಡು ಬರೆಯುತ್ತಿಲ್ಲ.

ಇಷ್ಟೆಲ್ಲ ಯೋಚನೆ ಹುಟ್ಟಿದ್ದಕ್ಕೆ ಒಂದು ಕಾರಣವಿದೆ. ನಮ್ಮ ಬಳಗದ ಭಾನುವಾರದ ಕನ್ನಡ ತರಗತಿಯನ್ನು ಹನ್ನೊಂದು ವರ್ಷ ನಡೆಸಿದವರು ಬ್ಯಾಂಕಿನಿಂದ ನಿವೃತ್ತರಾದ ಒಬ್ಬ ಮೇಷ್ಟ್ರು. ವೃತ್ತಿಯಿಂದ ಮೇಷ್ಟ್ರಲ್ಲ, ನಾವೇ ಹಾಗೆ ಕರೆಯುತ್ತಿದ್ದೆವು. ಹೋದ ವರ್ಷ ಅವರು ಧಾರವಾಡಕ್ಕೆ ಮರಳಿದರು. ಬೀಳ್ಕೊಡುಗೆ ಸಭೆ ತುಂಬಿ ತುಳುಕಿತ್ತು. ಶಾಲು, ಹಾರ, ಫಲತಾಂಬೂಲ, ಆರು ಭಾಷಣ. ಅವರ ನಿರ್ಗಮನ ತುಂಬಲಾರದ ನಷ್ಟವೆಂದು ಆರೂ ಮಂದಿ ಹೇಳಿದೆವು. ಮುಂದಿನ ಭಾನುವಾರ ನಾಲ್ಕು ಗಂಟೆಗೆ ಕೋಣೆಯ ಬೀಗ ತೆಗೆಯುವವರು ಯಾರೆಂದು ಒಬ್ಬರೂ ಕೇಳಲಿಲ್ಲ. ಎರಡು ತಿಂಗಳು ಕೋಣೆ ಮುಚ್ಚಿಯೇ ಇತ್ತು. ನಷ್ಟ ತುಂಬಲಾರದ್ದೆಂಬ ಮಾತನ್ನು ನಾವು ಅಕ್ಷರಶಃ ನಿಜಮಾಡಿ ತೋರಿಸಿದೆವು.

ಆಮೇಲೆ ಬೀಗ ತೆಗೆದವರು ಇಬ್ಬರು ತಾಯಂದಿರು. ಒಬ್ಬರ ಮನೆಮಾತು ತುಳು. ಇನ್ನೊಬ್ಬರು ಸೊಲ್ಲಾಪುರದ ಕಡೆಯವರು, ಶಾಲೆಯಲ್ಲಿ ಓದಿದ್ದು ಮರಾಠಿ, ಕನ್ನಡ ಅಕ್ಷರಗಳನ್ನು ಕಲಿತದ್ದು ಇದೇ ತರಗತಿಯ ಹಿಂದಿನ ಬೆಂಚಿನಲ್ಲಿ ಮಗನ ಪಕ್ಕ ಕುಳಿತು. ಅಲ್ಪಪ್ರಾಣ ಮಹಾಪ್ರಾಣ ತಪ್ಪಿದರೆ ಬೇಸರಪಡಬೇಡಿರೆಂದು ಅವರು ಮೊದಲೇ ಕೇಳಿಕೊಂಡರು. ಬೇಸರಪಟ್ಟವರಿದ್ದಾರೆ. ಇಂತಹ ಕನ್ನಡ ಕಲಿಸುವುದಕ್ಕಿಂತ ಕಲಿಸದಿರುವುದು ಮೇಲೆಂದು ಹಿರಿಯರೊಬ್ಬರು ಕಾರ್ಯಕಾರಿ ಸಮಿತಿಗೆ ಪತ್ರ ಬರೆದರು. ತಾವೇ ಬಂದು ಕಲಿಸುವ ಪ್ರಸ್ತಾಪ ಆ ಪತ್ರದಲ್ಲಿರಲಿಲ್ಲ. ಹತ್ತೊಂಬತ್ತಿದ್ದ ಮಕ್ಕಳು ಈಗ ಏಳು. ಮಳೆಗಾಲದಲ್ಲಿ ಮೂರಕ್ಕೂ ಇಳಿದದ್ದುಂಟು.

ನವೆಂಬರಿನ ಪ್ರದರ್ಶನಕ್ಕೆ 'ಮಂಥನ್' ಇರಲೆಂದು ನಾವು ಸೂಚಿಸಿದ್ದೇವೆ. ರಾಜ್ಯೋತ್ಸವಕ್ಕೆ ಹಿಂದೀ ಚಿತ್ರವೇ ಎಂಬ ಆಕ್ಷೇಪ ಬಂದಿದೆ. ಕಾರ್ನಾಡರೂ ಅನಂತನಾಗರೂ ಇರುವ ಚಿತ್ರವೆಂದು ನಾವು ಉತ್ತರಿಸಿದ್ದೇವೆ, ಅದು ಅರ್ಧ ಉತ್ತರವೆಂದು ಗೊತ್ತಿದ್ದೂ. ಚಿತ್ರ ನಿಧಾನ, ಕೊನೆಯಲ್ಲಿ ಗೆಲುವಿಲ್ಲ, ಮಕ್ಕಳು ಕೂರಲಾರರು ಎಂಬ ಆಕ್ಷೇಪಗಳೂ ಇವೆ, ಅವುಗಳಲ್ಲಿ ಹುರುಳಿದೆ. ನಮ್ಮ ಇನ್ನೊಂದು ಸೂಚನೆಗೆ ಮಾತ್ರ ಇನ್ನೂ ಯಾರೂ ಉತ್ತರ ಕೊಟ್ಟಿಲ್ಲ. ಪ್ರದರ್ಶನ ದೊಡ್ಡ ಸಭಾಂಗಣದಲ್ಲಿ ಬೇಡ, ಭಾನುವಾರ ತರಗತಿ ಮುಗಿದ ಮೇಲೆ ಅದೇ ಕೋಣೆಯಲ್ಲಿ ಆಗಲಿ. ಬರುವವರು ಆರು ಗಂಟೆಗೆ ಚಿತ್ರಕ್ಕೆ ಬರುವ ಬದಲು ನಾಲ್ಕಕ್ಕೆ ಬಂದು ಒಬ್ಬೊಬ್ಬ ಮಗುವಿನ ಪಕ್ಕ ಕೂರಲಿ ಎಂಬುದು ನಮ್ಮ ಸೂಚನೆ. ಕೋಣೆಯಲ್ಲಿ ನಲವತ್ತು ಜನ ಹಿಡಿಸುತ್ತಾರೆ. ಪ್ರೊಜೆಕ್ಟರಿನ ಬಾಡಿಗೆಯನ್ನು ಈ ಸಲ ನಾವು ನಾಲ್ವರು ಭರಿಸುತ್ತೇವೆಂದು ಖಜಾಂಚಿಯವರಿಗೆ ತಿಳಿಸಿಯಾಗಿದೆ.